ತಂಬೂರಿ ಹಿಡಿದ ಕೈಗೆ ಕುಂಚ ಯಾಕೆ ಬೇಡ?

ಬಾಗಲಕೋಟೆಯ ಗೆಳೆಯರೊಬ್ಬರ ಪಡಸಾಲೆಯಲ್ಲಿ ಈಚೆಗೆ ಒಂದು ಸಂಜೆ ಇಪ್ಪತ್ತು ಮಂದಿ ಸಂಗೀತಪ್ರಿಯರು ಕೂಡಿದ್ದೆವು. ಹಾಡು ಮುಗಿದ ಮೇಲೆ ನನಗೆ ನಾಲ್ಕು ಮಾತು ಆಡಲು ಹೇಳಿದರು. ನಾನು ಇಬ್ಬರ ಸಂಗತಿ ಎತ್ತಿದೆ. ಒಬ್ಬರು ರವೀಂದ್ರನಾಥ ಠಾಕೂರರು. ಎರಡು ಸಾವಿರಕ್ಕೂ ಮಿಕ್ಕಿ ಹಾಡು ಕಟ್ಟಿ, ಧಾಟಿ ಕೂಡಿಸಿ, ತಾವೇ ಹಾಡಿ, ಅರವತ್ತು ದಾಟಿದ ಮೇಲೆ ಚಿತ್ರಕ್ಕೆ ಕೈ ಹಾಕಿದವರು. ಇನ್ನೊಬ್ಬರು ನಮ್ಮ ಮೈಸೂರಿನ ಕೆ. ವೆಂಕಟಪ್ಪನವರು. ಚಿತ್ರದಲ್ಲಿ ಹೆಸರು ಮಾಡಿದ ಮೇಲೆ ವೀಣೆ ಶೇಷಣ್ಣನವರ ಮುಂದೆ ಶಿಷ್ಯನಾಗಿ ಕುಳಿತವರು. ಒಬ್ಬರು ನಾದದಿಂದ ಬಣ್ಣಕ್ಕೆ ಬಂದರು, ಒಬ್ಬರು ಬಣ್ಣದಿಂದ ನಾದಕ್ಕೆ ಹೋದರು. ಹಾಡುವವರು, ಬಾರಿಸುವವರು ಕುಂಚ ಹಿಡಿದರೆ ನಾವು ಸಂತೋಷಪಡಬೇಕು, ತಡೆಯಬಾರದು ಎಂದು ಹೇಳಿ ಕುಳಿತೆ.

ಚಹಾ ಬರುವಷ್ಟರಲ್ಲಿ ಸಭೆ ನನ್ನ ಮೇಲೆ ಮುರಿದುಕೊಂಡು ಬಿದ್ದಿತು. ಆಡಿದವರೆಲ್ಲ ಬಲ್ಲವರು, ನನಗಿಂತ ಹಿರಿಯರೂ ಇದ್ದರು. ಅಂದು ಉತ್ತರ ಕೊಡಲು ನನಗೆ ಆಗಲಿಲ್ಲ. ಈಗ ಒಂದೊಂದಾಗಿ ಕೊಡುತ್ತೇನೆ. ವಾದ ಗೆಲ್ಲುವ ಹಟ ನನಗಿಲ್ಲ. ಹುನಗುಂದದ ಕಡೆ ಮೂವತ್ತು ವರ್ಷ ಮಕ್ಕಳಿಗೆ ಚಿತ್ರ ಕಲಿಸಿದವನು ನಾನು. ನನ್ನ ಕಣ್ಣ ಮುಂದೆಯೇ ಒಬ್ಬ ಹುಡುಗಿ ಇದ್ದಾಳೆ. ವಚನ ಹಾಡಿದರೆ ಕೂಡಲಸಂಗಮದಲ್ಲಿ ಕೃಷ್ಣೆ ಮಲಪ್ರಭೆ ಕೂಡಿದ ಹಾಗೆ ಮಂದ್ರವೂ ತಾರವೂ ಕೂಡುತ್ತವೆ. ಅವಳು ಚಿತ್ರವನ್ನೂ ಬರೆಯುತ್ತಾಳೆ. ಹಾಡು ಕೆಡುತ್ತದೆ ಎಂಬ ಭಯಕ್ಕೆ ಅವಳ ಚಿತ್ರದ ವಹಿಯನ್ನು ಮನೆಯವರು ಕಪಾಟಿನಲ್ಲಿಟ್ಟು ಕೀಲಿ ಹಾಕಿದ್ದಾರೆ. ಸಭೆಯಲ್ಲಿ ಕೇಳಿದ ಮಾತುಗಳೇ ಆ ಮನೆಯಲ್ಲೂ ಕೇಳುತ್ತವೆ. ಆದ್ದರಿಂದ ಸುಮ್ಮನಿರಲಾರೆ.

ಮೊದಲು ತಬಲಾ ಮಾಸ್ತರರ ಮಾತು. "ಎರಡು ದೋಣ್ಯಾಗ ಕಾಲಿಟ್ಟವ ನಡುನೀರಾಗ ಬೀಳ್ತಾನ್ರಿ. ಒಂದು ರಾಗ ಕೈಗೆ ಹತ್ತಬೇಕಾದರ ಒಂದು ಜನ್ಮ ಸಾಲೂದಿಲ್ಲ, ಇನ್ನ ಬಣ್ಣಕ್ಕ ಎಲ್ಲಿ ಹೊತ್ತು?" ಈ ಮಾತಿನ ಹಿಂದೆ ಅವರ ಐವತ್ತು ವರ್ಷದ ರಿಯಾಜು ಇದೆ, ಬೆರಳ ತುದಿಯ ಜಡ್ಡು ಇದೆ. ಅದಕ್ಕೆ ನಾನು ತಲೆ ಬಾಗುತ್ತೇನೆ. ಆದರೂ ಮಾಸ್ತರರೇ, ವೆಂಕಟಪ್ಪನವರ ಬದುಕನ್ನು ಒಮ್ಮೆ ನಿಧಾನವಾಗಿ ನೋಡಿರಿ.

ಅವರು ಹುಟ್ಟಿದ್ದು 1886ರಲ್ಲಿ, ಮೈಸೂರಿನ ಚಿತ್ರಗಾರ ಮನೆತನದಲ್ಲಿ. ನಾಲ್ವಡಿ ಕೃಷ್ಣರಾಜ ಒಡೆಯರ ನೆರವಿನಿಂದ 1909ರಲ್ಲಿ ಕಲ್ಕತ್ತೆಗೆ ಹೋಗಿ ಅವನೀಂದ್ರನಾಥ ಠಾಕೂರರ ಬಳಿ ಕಲಿತರು. ಅಲ್ಲಿ ನಂದಲಾಲ ಬೋಸರು ಅವರ ಜೊತೆಗಾರರು. ಸೋದರಿ ನಿವೇದಿತಾ ಮತ್ತು ಆನಂದ ಕುಮಾರಸ್ವಾಮಿಯವರ ಹೆಸರಿನಲ್ಲಿ 1913ರಲ್ಲಿ ಬಂದ ಪುರಾಣಕಥೆಗಳ ದೊಡ್ಡ ಪುಸ್ತಕಕ್ಕೆ ರಾಮಾಯಣದ ಚಿತ್ರಗಳನ್ನು ಬರೆದರು. ಅಂದರೆ ಮೂವತ್ತು ತುಂಬುವ ಮೊದಲೇ ಕೀರ್ತಿ ಬಂದಿತ್ತು. ಮೈಸೂರಿಗೆ ಮರಳಿದ ಮೇಲೆ ವೀಣೆ ಹಿಡಿದರು. ಶೇಷಣ್ಣನವರು 1852ರಲ್ಲಿ ಹುಟ್ಟಿದವರು. ಇಳಿವಯಸ್ಸಿನ ಆ ಗುರುವಿನ ಮುಂದೆ, ಲೋಕ ಮೆಚ್ಚಿದ ಚಿತ್ರಕಾರನೊಬ್ಬ ಸರಳೆಯಿಂದ ಆರಂಭಿಸಿದ. 1926ರಲ್ಲಿ ಶೇಷಣ್ಣನವರು ತೀರಿಕೊಂಡರು. ಅದೇ ವರ್ಷ ವೆಂಕಟಪ್ಪನವರು ತಮ್ಮನ್ನೇ ಕುರಿತು ಒಂದು ಚಿತ್ರ ಬರೆದು 'ವೀಣೆಯ ಹುಚ್ಚು' ಎಂದು ಹೆಸರಿಟ್ಟರು. ಜನ ಆಡಬಹುದಾದ ಮಾತನ್ನು ತಾವೇ ತಮ್ಮ ಚಿತ್ರದ ಮೇಲೆ ಬರೆದುಕೊಂಡ ಧೈರ್ಯ ಅದು.

ಆಮೇಲೆ ಏನಾಯಿತು? ದೋಣಿ ಮುಳುಗಿತೆ? ಊಟಿಯ, ಕೊಡೈಕನಾಲಿನ ಅವರ ಜಲವರ್ಣಗಳನ್ನು ನೋಡಿದವರು ಹಾಗೆ ಹೇಳಲಾರರು. 1930ರ ದಶಕದಲ್ಲೂ ಅವರು ಬೆಟ್ಟದ ಮಂಜನ್ನು ಬರೆಯುತ್ತಲೇ ಇದ್ದರು. ಬೆಂಗಳೂರಿನ ಕಸ್ತೂರಬಾ ರಸ್ತೆಯಲ್ಲಿ ಅವರ ಹೆಸರಿನ ಕಲಾಗ್ಯಾಲರಿಯಲ್ಲಿ ಅವುಗಳ ಎದುರು ನಾನು ಒಂದು ಮಧ್ಯಾಹ್ನ ಪೂರ್ತಿ ನಿಂತಿದ್ದೆ. ತೆಳುವಾದ ಒಂದು ಬಣ್ಣ, ಅದು ಒಣಗಿದ ಮೇಲೆ ಅದರ ಮೇಲೊಂದು ತೆಳು ಬಣ್ಣ, ಮತ್ತೆ ಮೇಲೊಂದು. ಯಾವ ಗೆರೆಗೂ ಅವಸರವಿಲ್ಲ. ಒಂದು ಸ್ವರವನ್ನು ಮೀಟಿ, ತಂತಿಯನ್ನು ಎಳೆದು, ಅದರ ಬೆನ್ನ ಹಿಂದೆಯೇ ಇನ್ನೊಂದನ್ನು ಹೊರಡಿಸುವ ವೀಣೆಯ ಕೈಗೆ ಮಾತ್ರ ಇಂಥ ತಾಳ್ಮೆ ಬರುತ್ತದೆ ಎಂದು ನನಗೆ ಅನ್ನಿಸಿತು. ಇದು ನನ್ನ ಅನ್ನಿಸಿಕೆ, ಸಾಕ್ಷಿ ಕೊಡಲಾರೆ. ಆದರೆ ವೀಣೆ ಹಿಡಿದದ್ದರಿಂದ ಕುಂಚ ಸೊರಗಿತು ಎನ್ನುವವರೂ ಸಾಕ್ಷಿ ಕೊಡಬೇಕಲ್ಲ?

ಇದೇ ಮಾತಿಗೆ ಇನ್ನೊಬ್ಬರು ಬಸವಣ್ಣನವರ ಹೆಸರು ತಂದರು. ಕಾಯಕ ಒಂದೇ ಇರಬೇಕು, ಅದರಲ್ಲೇ ನಿಷ್ಠೆ ಇರಬೇಕು ಎಂದರು. ಇಳಕಲ್ಲಿನ ನೇಕಾರರ ನಡುವೆ ಬೆಳೆದವರು ಈ ಮಾತು ಹೇಳಿದ್ದು ನನಗೆ ನೋವು ತಂದಿತು. ಜೇಡರ ದಾಸಿಮಯ್ಯನವರು ಮಗ್ಗದ ಕುಣಿಯಲ್ಲಿ ಕಾಲಿಟ್ಟುಕೊಂಡೇ ವಚನಕಾರರಾದವರು. ಅಂಬಿಗರ ಚೌಡಯ್ಯನವರು ಹರಿಗೋಲು ಬಿಟ್ಟು ಬಂದು ವಚನ ಬರೆಯಲಿಲ್ಲ. ಕಾಯಕದ ನಿಷ್ಠೆ ಎಂದರೆ ಮನಸ್ಸಿನ ಉಳಿದ ಬಾಗಿಲುಗಳನ್ನೆಲ್ಲ ಹಾಕಿಕೊಳ್ಳುವುದು ಎಂದು ಶರಣರ ಬದುಕು ಹೇಳುವುದಿಲ್ಲ.

ಎರಡನೆಯ ಆಕ್ಷೇಪ ನಿವೃತ್ತ ಪ್ರಾಧ್ಯಾಪಕರದು: "ಗುರುವಿಲ್ಲದ ವಿದ್ಯೆ ವಿದ್ಯೆಯಲ್ಲ. ಹಾಡುಗಾರ ಚಿತ್ರ ಎಲ್ಲಿ ಕಲಿತ? ಕೈಗೆ ಬಂದದ್ದನ್ನು ಗೀಚಿ ಚಿತ್ರ ಅಂದರೆ ಆಗಿಹೋಯಿತೇ?"

ಇದಕ್ಕೆ ಅರ್ಧ ಉತ್ತರ ವೆಂಕಟಪ್ಪನವರಲ್ಲೇ ಇದೆ. ಹೊಸ ಕಲೆಗೆ ಹೋಗುವವನು ಹಳೆಯ ಕಲೆಯ ಕಿರೀಟ ಇಟ್ಟುಕೊಂಡು ಹೋಗದೆ ಗುರುವಿನ ಕಾಲಬುಡಕ್ಕೆ ಹೋಗಬಹುದು. ಉಳಿದ ಅರ್ಧ ರವೀಂದ್ರರಲ್ಲಿದೆ, ಅದು ಬೇರೆ ರೀತಿಯದು. ಅವರಿಗೆ ಚಿತ್ರದ ಗುರು ಇರಲಿಲ್ಲ. ಅವರ ಚಿತ್ರ ಹುಟ್ಟಿದ್ದು ಹಸ್ತಪ್ರತಿಯ ಕಾಟಿನಲ್ಲಿ. ಬರೆದ ಸಾಲನ್ನು ಹೊಡೆದುಹಾಕುವಾಗ ಆ ಹೊಡೆದ ಗೆರೆಗಳು ಅವರ ಕಣ್ಣಿಗೆ ಅನಾಥವಾಗಿ ಕಂಡವು. ಒಂದು ಕಾಟನ್ನು ಇನ್ನೊಂದಕ್ಕೆ ಕೂಡಿಸಿದರು. ಕೂಡಿಸುತ್ತ ಕೂಡಿಸುತ್ತ ಅದಕ್ಕೆ ಕೊಕ್ಕು ಬಂತು, ರೆಕ್ಕೆ ಬಂತು, ಹೆಸರಿಲ್ಲದ ಪ್ರಾಣಿಯೊಂದು ಎದ್ದು ಕುಳಿತಿತು. 'ಪೂರವಿ' ಕವನಗಳ 1924ರ ಹಸ್ತಪ್ರತಿಯಲ್ಲಿ ಈ ಆಟ ದಟ್ಟವಾಗಿ ಕಾಣುತ್ತದೆ. ಹಾಡು ಕಟ್ಟುವವನು ಮಾಡುವುದೂ ಇದನ್ನೇ. ಬಿಡಿ ಸ್ವರಗಳನ್ನು ಬಿಡಿಯಾಗಿ ಇರಗೊಡದೆ ಒಂದಕ್ಕೊಂದು ನೆಂಟಸ್ತಿಕೆ ಹಚ್ಚುತ್ತಾನೆ. ರವೀಂದ್ರರಿಗೆ ಲಯವೇ ಗುರುವಾಗಿತ್ತು. ಕೆಂಪು ಬಣ್ಣವನ್ನು ಗುರುತಿಸುವಲ್ಲಿ ಅವರ ಕಣ್ಣಿಗೆ ಕೊರತೆ ಇತ್ತು ಎಂದು ಅವರ ಚಿತ್ರಗಳನ್ನು ಅಭ್ಯಾಸ ಮಾಡಿದವರು ಹೇಳುತ್ತಾರೆ. ಆ ಕೊರತೆಯ ಕಣ್ಣಿನಿಂದಲೇ ಎರಡು ಸಾವಿರಕ್ಕೂ ಹೆಚ್ಚು ಚಿತ್ರಗಳು ಬಂದವು. 1972ರ ಪ್ರಾಚ್ಯವಸ್ತು ಮತ್ತು ಕಲಾಸಂಪತ್ತಿನ ಕಾಯ್ದೆಯಡಿ ದೇಶದ ಕಲಾಸಂಪತ್ತೆಂದು ಸಾರಿ, ಹೊರದೇಶಕ್ಕೆ ಒಯ್ಯಬಾರದೆಂದು ಕಟ್ಟಳೆ ಮಾಡಿದ ಒಂಬತ್ತು ಕಲಾವಿದರಲ್ಲಿ ಅವರೂ ಒಬ್ಬರು. ಗೀಚಾಟಕ್ಕೆ ಆ ಗೌರವ ಸಿಗುತ್ತದೆಯೆ?

ಇಲ್ಲಿ ಒಂದು ಮಾತು ಬಿಡಲಾರೆ. ವೆಂಕಟಪ್ಪನವರ ಗುರು ಅವನೀಂದ್ರರು ರವೀಂದ್ರರಿಗೆ ದಾಯಾದಿ ಅಣ್ಣನ ಮಗ. ವೆಂಕಟಪ್ಪನವರು ಕಲ್ಕತ್ತೆಯಲ್ಲಿ ಕಲಿಯುವಾಗ ರವೀಂದ್ರರಿನ್ನೂ ಕುಂಚ ಹಿಡಿದಿರಲಿಲ್ಲ, ವೆಂಕಟಪ್ಪನವರು ವೀಣೆಯ ಶಿಷ್ಯರಾಗಿರಲಿಲ್ಲ. ಮುಂದೆ ಚಿತ್ರಕಾರನಾಗುವ ಹಾಡುಗಾರ, ಮುಂದೆ ವೈಣಿಕನಾಗುವ ಚಿತ್ರಕಾರ, ಇಬ್ಬರೂ ಒಂದೇ ಮನೆತನದ ನೆರಳಲ್ಲಿ ಓಡಾಡಿದ ವರ್ಷಗಳವು. ನೆನೆದರೆ ಮೈ ನವಿರೇಳುತ್ತದೆ. ಕಾರವಾರದ ಕಡಲದಂಡೆಯಲ್ಲಿ ಅಣ್ಣ ಸತ್ಯೇಂದ್ರನಾಥರ ಮನೆಯಲ್ಲಿದ್ದು ಇಪ್ಪತ್ತರ ಹರೆಯದ ರವೀಂದ್ರ ನಾಟಕ ಬರೆದದ್ದು ನಮಗೆ ಗೊತ್ತಿದೆ. ಕನ್ನಡನಾಡಿಗೂ ಆ ಮನೆತನಕ್ಕೂ ಇರುವ ಈ ಇನ್ನೊಂದು ನಂಟನ್ನು ಯಾಕೆ ಯಾರೂ ಹೇಳುವುದಿಲ್ಲವೋ.

ಮೂರನೆಯ ಆಕ್ಷೇಪಕ್ಕೆ ಸಭೆಯಲ್ಲಿ ಹೆಚ್ಚು ಜನ ತಲೆಯಾಡಿಸಿದರು: "ಇದೆಲ್ಲಾ ಪರದೇಶದ ಫ್ಯಾಷನ್ನು. ಅಲ್ಲಿ ಪಾಪ್ ಹಾಡವರು ಮುಪ್ಪಿನಾಗ ಚಿತ್ರಾ ಬರದು ಮಾರತಾರ. ನಮ್ಮ ಪರಂಪರಾದಾಗ ಇಂಥಾದ್ದು ಇಲ್ಲ."

ಪರದೇಶದಲ್ಲಿ ಇದೆ, ನಿಜ. ವಿಯೆನ್ನಾದ ಸಂಗೀತಗಾರ ಶೋನ್‌ಬರ್ಗ್ 1910ರಲ್ಲಿ ತನ್ನ ಚಿತ್ರಗಳ ಪ್ರದರ್ಶನ ಮಾಡಿದ. ಬಾಬ್ ಡಿಲನ್, ಜೋನಿ ಮಿಚೆಲ್ ಇವತ್ತಿನವರು. ಅವರನ್ನು ಅಲ್ಲೇ ಬಿಡೋಣ. ಬಾಗಲಕೋಟೆಯಿಂದ ಬಸ್ಸು ಹತ್ತಿದರೆ ಒಂದು ಗಂಟೆಯ ಆಸುಪಾಸಿನಲ್ಲಿ ಬಾದಾಮಿ ಬರುತ್ತದೆ. ಪರಂಪರೆಯ ಮಾತಿಗೆ ಉತ್ತರ ಅಲ್ಲಿ ಬಂಡೆಯ ಮೇಲಿದೆ.

ಮೂರನೆಯ ಗುಹೆಗೆ ಹೋಗಿರಿ. ಮಂಗಲೇಶನ ಶಾಸನ ಅದಕ್ಕೆ ಶಕ 500 ಎಂದು, ಅಂದರೆ ಕ್ರಿ.ಶ. 578 ಎಂದು ಕಾಲ ಹೇಳುತ್ತದೆ. ಪ್ರವಾಸಿಗಳು ವರಾಹನನ್ನು, ತ್ರಿವಿಕ್ರಮನನ್ನು, ಶೇಷನ ಮೇಲೆ ಕುಳಿತ ವಿಷ್ಣುವನ್ನು ನೋಡಿ ಮೊಬೈಲಿನಲ್ಲಿ ಹಿಡಿದು ಹೊರಟುಬಿಡುತ್ತಾರೆ. ಮುಂಚಾವಣಿಯ ಒಳಬಾಗಿನ ಕಡೆ ಕತ್ತೆತ್ತಿ ನೋಡುವವರು ಕಡಿಮೆ. ಅಲ್ಲಿ ಬಣ್ಣವಿದೆ. ಹದಿನಾಲ್ಕು ನೂರು ವರ್ಷದ ಗಾಳಿ, ತೇವ, ಹೊಗೆ ತಿಂದು ಉಳಿದ ಬಣ್ಣ. ಕಣ್ಣು ಹೊಂದಿಕೊಳ್ಳಲು ಸ್ವಲ್ಪ ಹೊತ್ತು ಬೇಕು. ಮೊದಲು ಮಾಸಿದ ಕಾವಿ ಕಾಣುತ್ತದೆ, ಆಮೇಲೆ ಒಂದು ಭುಜ, ಒಂದು ತೋಳಿನ ಬಾಗು. ಒಂದು ಚಿತ್ರ ಅರಮನೆಯ ಸಭೆಯದು. ಆಸನದ ಮೇಲೆ ಕುಳಿತವನ ಎದುರಿಗೆ ನೃತ್ಯ ನಡೆದಿದೆ, ಸುತ್ತ ಹೆಂಗಸರು ವಾದ್ಯ ಹಿಡಿದಿದ್ದಾರೆ. ಇಂದ್ರನ ವೈಜಯಂತ ಅರಮನೆ ಎಂದು ಕೆಲವು ವಿದ್ವಾಂಸರು ಗುರುತಿಸಿದ್ದಾರೆ. ಯಾರ ಅರಮನೆಯೇ ಆಗಲಿ, ಆ ಚಿತ್ರ ಬರೆದವನಿಗೆ ಸಂಗೀತ ಹೊರಗಿನದಾಗಿರಲಿಲ್ಲ. ಕುಣಿಯುವವರ ಕಾಲಿನ ಹೆಣಿಗೆಯನ್ನು, ಬಾರಿಸುವವರ ಕೈಯನ್ನು ಅಷ್ಟು ಸಲೀಸಾಗಿ ಹಿಡಿಯಬೇಕಾದರೆ ಆತ ಅನೇಕ ರಾತ್ರಿ ಆ ಮೇಳದಲ್ಲಿ ಕುಳಿತಿರಬೇಕು.

ಈ ಚಿತ್ರಗಳ ನಕಲು ತೆಗೆದ ಕಲಾವಿದರೊಬ್ಬರು ಜಗನ್ನಾಥ ಮುರಳೀಧರ ಅಹಿವಾಸಿ. ಮುಂಬಯಿಯ ಜೆ.ಜೆ. ಕಲಾಶಾಲೆಯಲ್ಲಿ ಕಲಿತು ಅಲ್ಲೇ ಕಲಿಸಿದವರು, ಆಮೇಲೆ ಬನಾರಸ ಹಿಂದೂ ವಿಶ್ವವಿದ್ಯಾಲಯಕ್ಕೆ ಹೋದವರು. ಅವರ ತಂದೆ ವೈಷ್ಣವ ಹವೇಲಿಯಲ್ಲಿ ಕೀರ್ತನೆ ಹಾಡುವ ಸೇವೆಯವರು. ಮಗನೂ ಹಾಡು ಬಲ್ಲವರು. ಬಾದಾಮಿಯ ಚಾವಣಿಯ ಕೆಳಗೆ ಕತ್ತೆತ್ತಿ ನಿಂತು, ಮಾಸಿಹೋಗುತ್ತಿದ್ದ ಆ ಗೆರೆಗಳನ್ನು ಮುಂದಿನವರಿಗೆ ಉಳಿಸಿದ್ದು ಹಾಡಿನ ಮನೆಯಲ್ಲಿ ಬೆಳೆದ ಒಂದು ಕೈ. ಇದಕ್ಕೆ ಏನು ಹೇಳುತ್ತೀರಿ?

ಶಾಸ್ತ್ರ ಬೇಕೆಂದರೆ ಶಾಸ್ತ್ರವೂ ಇದೆ. ವಿಷ್ಣುಧರ್ಮೋತ್ತರ ಪುರಾಣದಲ್ಲಿ ವಜ್ರನೆಂಬ ಅರಸ ಮೂರ್ತಿ ಮಾಡುವುದನ್ನು ಕಲಿಸೆಂದು ಮಾರ್ಕಂಡೇಯನನ್ನು ಕೇಳುತ್ತಾನೆ. ಮೂರ್ತಿಗೆ ಚಿತ್ರ ತಿಳಿದಿರಬೇಕು, ಚಿತ್ರಕ್ಕೆ ನೃತ್ಯ, ನೃತ್ಯಕ್ಕೆ ವಾದ್ಯ, ವಾದ್ಯಕ್ಕೆ ಗೀತ ಎಂದು ಋಷಿ ಅರಸನನ್ನು ಒಂದೊಂದೇ ಮೆಟ್ಟಿಲು ಹಿಂದಕ್ಕೆ ಒಯ್ಯುತ್ತಾನೆ. ಚಿತ್ರದ ಬೇರು ಹಾಡಿನಲ್ಲಿದೆ ಎಂಬ ಮಾತು ನನ್ನದಲ್ಲ. ನಮ್ಮ ಕಲ್ಯಾಣದ ಅರಸ ಮೂರನೆಯ ಸೋಮೇಶ್ವರನ 'ಮಾನಸೋಲ್ಲಾಸ' ಹನ್ನೆರಡನೆಯ ಶತಮಾನದ ಮೊದಲ ಭಾಗದ ಗ್ರಂಥ. ಅದರಲ್ಲಿ ಗೀತ, ವಾದ್ಯಗಳ ವಿಸ್ತಾರವಾದ ವಿಚಾರವಿದೆ, ಚಿತ್ರ ಬರೆಯುವ ವಿಧಾನವೂ ಇದೆ. ಎಮ್ಮೆಯ ಚರ್ಮ ಬೇಯಿಸಿ ವಜ್ರಲೇಪವೆಂಬ ಅಂಟು ಮಾಡುವುದನ್ನು, ಕರುವಿನ ಕಿವಿಯ ಕೂದಲಿನಿಂದ ಕುಂಚ ಕಟ್ಟುವುದನ್ನು ಹೇಳುವ ಗ್ರಂಥವೇ ರಾಗ ತಾಳಗಳನ್ನೂ ಹೇಳುತ್ತದೆ.

ಇನ್ನೂ ಹತ್ತಿರದ ಸಾಕ್ಷಿ ಬಿಜಾಪುರ. ಬಾಗಲಕೋಟೆ ಬೇರೆ ಜಿಲ್ಲೆಯಾದದ್ದು 1997ರ ಆಗಸ್ಟಿನಲ್ಲಿ. ಅಲ್ಲಿಯವರೆಗೆ ನಾವೆಲ್ಲ ಬಿಜಾಪುರದವರೇ. ಅಲ್ಲಿ 1580ರಿಂದ 1627ರವರೆಗೆ ಆಳಿದ ಎರಡನೆಯ ಇಬ್ರಾಹಿಂ ಆದಿಲ್‌ಶಾಹನನ್ನು ಜನ ಜಗದ್ಗುರು ಎಂದು ಕರೆದರು. ಆತ ಮೊದಲು ಸಂಗೀತಗಾರ, ಆಮೇಲೆ ಅರಸ ಎಂದರೂ ತಪ್ಪಿಲ್ಲ. ತನ್ನ ತಂಬೂರಿಗೆ ಮೋತಿಖಾನ್ ಎಂದು ಮನುಷ್ಯರ ಹೆಸರಿಟ್ಟಿದ್ದ. 'ಕಿತಾಬ್-ಎ-ನವರಸ್' ಎಂಬ ಹಾಡುಗಳ ಪುಸ್ತಕವನ್ನು ರಾಗಗಳ ಹೆಸರಿನಡಿ ಜೋಡಿಸಿದ, ಸರಸ್ವತಿಯನ್ನು ಅದರಲ್ಲಿ ನೆನೆದ. ಅವನ ಕೆಲವು ಹಾಡುಗಳಲ್ಲಿ ರಾಗಕ್ಕೇ ಮೈ ಬಂದಿದೆ, ಉಡುಪು ಬಂದಿದೆ, ಬಣ್ಣ ಬಂದಿದೆ. ಆಸ್ಥಾನದವರು ಅವನನ್ನು ಹಾಡುಗಾರನೆಂದು ಹೊಗಳಿದಂತೆ ಚಿತ್ರಕಾರನೆಂದೂ, ಅಕ್ಷರ ಬರೆಯುವುದರಲ್ಲಿ ನಿಪುಣನೆಂದೂ ಹೊಗಳಿದರು. ಅರಸನ ಹೊಗಳಿಕೆಯಲ್ಲಿ ಒಂದಿಷ್ಟು ಕಳೆದು ತೂಗಬೇಕು, ಒಪ್ಪುತ್ತೇನೆ. ಆದರೂ ಸಂಗೀತಗಾರ ಕುಂಚ ಹಿಡಿಯುವುದು ಅವಮಾನವಾಗಿದ್ದರೆ ಅದನ್ನು ಹೊಗಳಿಕೆಯ ಪಟ್ಟಿಯಲ್ಲಿ ಸೇರಿಸುತ್ತಿದ್ದರೆ? ರಾಗಮಾಲೆಯ ಚಿತ್ರಗಳು ನಮ್ಮ ದಖ್ಖನಿನಲ್ಲಿ ಅರಳಿದ್ದು ಇಂಥ ಗಾಳಿಯಲ್ಲೇ.

ಇತ್ತೀಚಿನವರು ಬೇಕೆಂದರೆ ಬೀಳಗಿಯ ಅಮೀರ್‌ಬಾಯಿ ಕರ್ನಾಟಕಿ ಇದ್ದಾರೆ. ಹಾಡುಗಾರ್ತಿ ಎಂದು ದೇಶಕ್ಕೆಲ್ಲ ಗೊತ್ತಾದ ಆ ತಾಯಿ ಅಭಿನಯಿಸಿದರು, 1948ರಲ್ಲಿ 'ಶಹನಾಜ್' ಸಿನಿಮಾಕ್ಕೆ ಸಂಗೀತವನ್ನೂ ಕೂಡಿಸಿದರು. ಅದು ಚಿತ್ರಕಲೆಯಲ್ಲ, ಸರಿ. ಆದರೆ ಒಂದೇ ಕೋಣೆಯಲ್ಲಿ ಇರು ಎಂದು ನಮ್ಮ ನೆಲ ಕಲಾವಿದರಿಗೆ ಎಂದೂ ಹೇಳಿಲ್ಲ ಎಂಬುದಕ್ಕೆ ಇಷ್ಟು ಸಾಕು.

ನಾಲ್ಕನೆಯದು, "ಕಿವಿಯ ಕಲೆಗೂ ಕಣ್ಣಿನ ಕಲೆಗೂ ಏನು ಸಂಬಂಧ? ಹಾಡುಗಾರನ ಅನುಭವ ಚಿತ್ರದಲ್ಲಿ ಏನು ಕೆಲಸಕ್ಕೆ ಬರುತ್ತದೆ?" ಇದಕ್ಕೆ ಪುಸ್ತಕದಿಂದ ಉತ್ತರ ಕೊಡುವುದಿಲ್ಲ. ನಾನು ಕಂಡದ್ದನ್ನು ಹೇಳುತ್ತೇನೆ.

ನನ್ನ ಸೋದರಮಾವ ನಾಟಕ ಕಂಪನಿಯೊಂದರಲ್ಲಿ ಪೇಟಿ ಮಾಸ್ತರ. ಬನದ ಹುಣ್ಣಿಮೆಗೆ ಬನಶಂಕರಿ ಜಾತ್ರೆ ಕೂಡಿತೆಂದರೆ ಕಂಪನಿಗಳು ಅಲ್ಲಿ ತಂಬು ಹೊಡೆದು ತಿಂಗಳುಗಟ್ಟಲೆ ಆಡುತ್ತಿದ್ದವು, ಇಂದಿಗೂ ಆಡುತ್ತವೆ. ನಾಟಕಕಾರರಾದ ಕಂದಗಲ್ಲ ಹನುಮಂತರಾಯರು ಹುಟ್ಟಿದ, ಧುತ್ತರಗಿಯವರು ಬಾಳಿದ ತಾಲ್ಲೂಕಿನವರು ನಾವು, ನಾಟಕದ ಹುಚ್ಚು ರಕ್ತದಲ್ಲಿತ್ತು. ರಾತ್ರಿ ಪೇಟಿ ಬಾರಿಸುವ ಮಾವ ಹಗಲು ಪರದೆ ಬರೆಯುತ್ತಿದ್ದ. ಕಂಪನಿಗೆ ಬೇರೆ ಪೇಂಟರ್ ಇಟ್ಟುಕೊಳ್ಳುವ ಶಕ್ತಿ ಇಲ್ಲದಾಗ ಶುರುವಾದದ್ದು, ಆಮೇಲೆ ಅವನ ಪ್ರಾಣವೇ ಆಯಿತು. ನನಗೆ ಆಗ ಹತ್ತೋ ಹನ್ನೊಂದೋ ವಯಸ್ಸು. ತಂಬಿನ ಹಿಂದೆ ಬಯಲಿನಲ್ಲಿ ಅರಮನೆಯ ಪರದೆ ಹಾಸಿತ್ತು, ನಾಲ್ಕು ಮೂಲೆಗೂ ಕಲ್ಲು ಹೇರಿತ್ತು. ಡಾಲ್ಡಾ ಡಬ್ಬಿಗಳಲ್ಲಿ ಪೇವಡಿ, ಕಾವಿ, ನೀಲಿ, ಸುಣ್ಣ. ಮೂರು ಕಲ್ಲಿನ ಒಲೆಯ ಮೇಲೆ ಅಂಟು ಕುದಿಯುತ್ತಿತ್ತು, ಅದರ ನಾತಕ್ಕೆ ನಾನು ಮೂಗು ಮುಚ್ಚಿಕೊಂಡಿದ್ದೆ. ಆ ಅಂಟಿಗೆ ಮಾವ 'ವಜ್ರ' ಎನ್ನುತ್ತಿದ್ದ. ಸೋಮೇಶ್ವರನ ವಜ್ರಲೇಪವನ್ನು ನಾನು ಓದಿದ್ದು ಮೂವತ್ತು ವರ್ಷದ ಮೇಲೆ.

ಮಾವ ಬರಿಗಾಲಲ್ಲಿ ಪರದೆಯ ಮೇಲೆಯೇ ಕುಕ್ಕರಗಾಲಲ್ಲಿ ಕುಳಿತು ಕಂಬ ಬರೆಯುತ್ತಿದ್ದ. ಬಾಯಲ್ಲಿ ಭೀಮಪಲಾಸಿ ಗುನುಗು. ಒಂದು ಕಂಬ, ಒಂದು ಕಂಬ, ಆಮೇಲೆ ಕಮಾನು, ಆಮೇಲೆ ಬರಿ ಜಾಗ. ಆ ಬರಿ ಜಾಗದಲ್ಲಿ ನಾನು ಒಂದು ನವಿಲು ಬರೆಯಲೇ ಎಂದು ಕೇಳಿದೆ. ಮಾವ ಗುನುಗು ನಿಲ್ಲಿಸಿದ. "ಅಲ್ಲಿ ಜಾಗಾ ಬಿಟ್ಟೀನಪಾ. ತಾನ ಹೊಡದ ಮ್ಯಾಲೆ ಉಸರು ತಗೋಬೇಕಲ್ಲ, ಹಂಗ" ಎಂದ. ಮತ್ತೆ ಗುನುಗು ಶುರು. ಇನ್ನೊಂದು ಸಲ ಪೇವಡಿಗೆ ಕಾವಿ ಬೆರೆಸುವುದನ್ನು ಕಂಡು ಹಳದಿ ಕೆಡಿಸಿದೆಯಲ್ಲ ಎಂದೆ. ರಾತ್ರಿ ದೀಪದ ಬೆಳಕಿನಲ್ಲಿ ತಿಳಿಹಳದಿ ಬೆಳ್ಳಗಾಗಿ ಕಾಣುತ್ತದೆ, ಅದಕ್ಕೆ ಹಗಲಿನಲ್ಲಿ ಒಂದು ಮನೆ ಇಳಿಸಿ ಹಚ್ಚಬೇಕು ಎಂದು ವಿವರಿಸಿದ. 'ಒಂದು ಮನೆ ಇಳಿಸಿ' ಎಂಬುದು ಪೇಟಿಯ ಮಾತು. ರಾತ್ರಿ ಆ ಪರದೆ ಎದ್ದಾಗ, ನಡುವೆ ಬಿಟ್ಟ ಬರಿ ಜಾಗದಲ್ಲೇ ನಾಯಕ ಬಂದು ನಿಂತು ಹಾಡಿಗೆ ಎತ್ತಿಕೊಂಡ. ಮಾವ ಕೆಳಗೆ ಪೇಟಿಯ ಮುಂದೆ ಕುಳಿತು ಅವನಿಗೆ ಶ್ರುತಿ ಕೊಟ್ಟ. ತಾನು ಹಗಲು ಬರೆದ ಜಾಗಕ್ಕೆ ರಾತ್ರಿ ತಾನೇ ಸ್ವರ ತುಂಬಿದ.

ಕಿವಿಗೂ ಕಣ್ಣಿಗೂ ಸಂಬಂಧವೇನು ಎಂದು ಕೇಳಿದವರೇ, ಇಳಕಲ್ಲಿನ ಯಾವುದೇ ಕುಣಿಮಗ್ಗದ ಮುಂದೆ ಕಣ್ಣು ಮುಚ್ಚಿಕೊಂಡು ಕೂಡಿರಿ. ಲಾಳಿ ಓಡುವ ಸದ್ದು, ಹಣಿಗೆ ಬಡಿಯುವ ಸದ್ದು. ನುರಿತ ನೇಕಾರನಿಗೆ ಎಳೆ ಹರಿದದ್ದು ಕಣ್ಣಿಗಿಂತ ಮೊದಲು ಕಿವಿಗೆ ಗೊತ್ತಾಗುತ್ತದೆ. ಮೈಯ ಹಾಸಿಗೆ ಸೆರಗಿನ ಹಾಸನ್ನು ಕೊಂಡಿ ಹಾಕಿ ಕೂಡಿಸಿ, ಟೋಪ ತೆನಿ ಸೆರಗಿನ ಬಿಳಿ ಕೆಂಪನ್ನು ಎಣಿಸುತ್ತ ನೇಯುವವನು ಅದನ್ನು ಲೆಕ್ಕವೆನ್ನುತ್ತಾನೋ ತಾಳವೆನ್ನುತ್ತಾನೋ, ಅವನನ್ನೇ ಕೇಳಿರಿ.

ಐದನೆಯ ಆಕ್ಷೇಪ ನನ್ನ ಚಿತ್ರಕಾರ ಗೆಳೆಯನದು. ಎಲ್ಲಕ್ಕಿಂತ ಗಟ್ಟಿಯಾದದ್ದು ಇದೇ. ಅವನ ದನಿ ನಡುಗುತ್ತಿತ್ತು. "ನಾನು ನಲವತ್ತು ವರ್ಷ ಬರೆದೆ. ನನ್ನ ಚಿತ್ರ ನೋಡಲು ಹತ್ತು ಜನ ಬರುವುದಿಲ್ಲ. ಹೆಸರಾದ ಹಾಡುಗಾರ ಒಂದು ವರ್ಷ ಬಣ್ಣ ಹಚ್ಚಿದರೆ ಉದ್ಘಾಟನೆಗೆ ಮಂತ್ರಿ ಬರುತ್ತಾನೆ, ಪತ್ರಿಕೆಯಲ್ಲಿ ಅರ್ಧ ಪುಟ ಬರುತ್ತದೆ. ಇದು ನ್ಯಾಯವೇ?"

ನ್ಯಾಯವಲ್ಲ. ಇದನ್ನು ನಾನು ಸುತ್ತುಬಳಸಿ ಹೇಳುವುದಿಲ್ಲ. ರವೀಂದ್ರರಿಗೂ ಹೆಸರು ಬಾಗಿಲು ತೆರೆಯಿತು. 1930ರ ಮೇ ತಿಂಗಳಲ್ಲಿ ಪ್ಯಾರಿಸ್ಸಿನ ಪಿಗಾಲ್ ಗ್ಯಾಲರಿಯಲ್ಲಿ ಅವರ ಮೊದಲ ಪ್ರದರ್ಶನ ನಡೆದದ್ದು ಗೆಳತಿ ವಿಕ್ಟೋರಿಯಾ ಒಕಾಂಪೊ ಅವರ ಓಡಾಟದಿಂದ, ಜೊತೆಗೆ 1913ರಲ್ಲಿ ಬಂದಿದ್ದ ನೊಬೆಲ್ಲಿನ ಬೆಳಕಿನಿಂದ. ಅದೇ ವರ್ಷ ಬರ್ಲಿನ್, ಮಾಸ್ಕೋ, ನ್ಯೂಯಾರ್ಕ್‌ಗಳಲ್ಲೂ ಚಿತ್ರಗಳನ್ನು ತೂಗುಹಾಕಿದರು. ಹೆಸರಿಲ್ಲದ ಬಂಗಾಳಿ ಮುದುಕನಿಗೆ ಇದಾಗುತ್ತಿರಲಿಲ್ಲ.

ಆದರೆ ಗೆಳೆಯಾ, ನಿನ್ನ ಸಿಟ್ಟು ತಪ್ಪು ಮನೆಯ ಕದ ಬಡಿಯುತ್ತಿದೆ. ನಿನ್ನ ಚಿತ್ರಕ್ಕೆ ಗೋಡೆ ಸಿಗದಂತೆ ಮಾಡಿದವನು ಹಾಡುಗಾರನಲ್ಲ. ಅವನು ಕುಂಚ ಕೆಳಗಿಟ್ಟ ಕೂಡಲೇ ಆ ಮಂತ್ರಿ ನಿನ್ನ ಮನೆಗೆ ಬರುವುದಿಲ್ಲ. ನೋಡುವ ಕಣ್ಣನ್ನು ಬೆಳೆಸದ ಶಾಲೆ, ಚಿತ್ರ ಬಿಟ್ಟು ಚಿತ್ರಕಾರನ ಮುಖವನ್ನೇ ಅಚ್ಚು ಹಾಕುವ ಪತ್ರಿಕೆ, ಊರಿಗೊಂದು ಕಲ್ಯಾಣಮಂಟಪ ಕಟ್ಟಿ ಚಿತ್ರ ತೂಗಲು ಒಂದು ಕೋಣೆ ಕಟ್ಟದ ನಾವು, ಇವರ ಮೇಲೆ ಸಿಟ್ಟಾಗು. ನಾನೂ ನಿನ್ನ ಜೊತೆ ಬರುತ್ತೇನೆ. ಹೆಸರಾದ ಸಂಗೀತಗಾರರಿಗೂ ನನ್ನದೊಂದು ಬೇಡಿಕೆ ಇದೆ. ಪ್ರದರ್ಶನ ಮಾಡುವುದಿದ್ದರೆ ಅದೇ ಗೋಡೆಯಲ್ಲಿ ಊರಿನ ಇಬ್ಬರು ಚಿತ್ರಕಾರರ ಕೆಲಸಕ್ಕೂ ಜಾಗ ಕೊಡಲಿ. ಕೆಳಗೆ ಹೆಸರಿನ ಚೀಟಿ ಮೊದಲ ದಿನ ಅಂಟಿಸದಿರಲಿ. ಜನ ಚಿತ್ರ ನೋಡಲಿ, ಆಮೇಲೆ ಹೆಸರು ಕೇಳಲಿ. ಹಾಗೆ ಮಾಡಲು ಒಪ್ಪದವರ ಬಗ್ಗೆ ನಿನ್ನ ಮಾತು ನಿಜವೆಂದು ನಾನೇ ಒಪ್ಪಿಬಿಡುತ್ತೇನೆ.

ಇನ್ನು ಚಿತ್ರ ಕೆಟ್ಟದಾಗಿದ್ದರೆ? ಕೆಟ್ಟದೆಂದು ಹೇಳೋಣ. ಚೌಕಟ್ಟಿನೊಳಗೆ ಏನಿದೆ ಎಂದು ನೋಡಿ ಹೇಳೋಣ. ಹಾಡುಗಾರ ಬರೆದದ್ದೆಂದು ನೋಡದೆ ಹೊಗಳುವುದೂ, ಹಾಡುಗಾರ ಬರೆದದ್ದೆಂದು ನೋಡದೆ ತೆಗಳುವುದೂ ಎರಡೂ ಒಂದೇ ಜಾತಿಯ ಆಲಸ್ಯ.

ಕೊನೆಗೆ ಯಾರೋ "ಮುಪ್ಪಿನ ಚಟ, ಹೊತ್ತು ಹೋಗದವರ ಕೆಲಸ" ಎಂದರು. ಪ್ಯಾರಿಸ್ಸಿನಲ್ಲಿ ರವೀಂದ್ರರಿಗೆ ಅರವತ್ತೊಂಬತ್ತು. ಕಂಠ ಸೋತ ಮೇಲೂ, ಕೈ ನಡುಗುವಾಗಲೂ ಒಳಗಿನದು ಹೊರಗೆ ಬರಲು ದಾರಿ ಹುಡುಕಿದರೆ ಅದಕ್ಕೆ ಚಟವೆಂದು ಹೆಸರಿಡಬೇಡಿರಿ. ನನ್ನ ಮಾವನ ದನಿ ಅರವತ್ತಕ್ಕೇ ಹೋಯಿತು. ಪೇಟಿಯ ತಿದಿ ಒತ್ತಲು ಉಸಿರು ಸಾಲದಾಯಿತು. ಆಮೇಲಿನ ಎಂಟು ವರ್ಷ ಆತ ಹಿತ್ತಲಗೋಡೆಯ ಮೇಲೆ ಸುಣ್ಣ, ಕಾವಿಯಿಂದ ಬರೆಯುತ್ತಲೇ ಇದ್ದ. ಮಳೆಗೆ ತೊಳೆದುಹೋಗುತ್ತಿತ್ತು, ಮತ್ತೆ ಬರೆಯುತ್ತಿದ್ದ. ನೋಡುವವರು ನಾವು ಮನೆಯವರಷ್ಟೇ. ಚಟವಾಗಿದ್ದರೆ ಎರಡು ಮಳೆಗೆ ನಿಲ್ಲುತ್ತಿತ್ತು.

ತಬಲಾ ಮಾಸ್ತರರೇ, ಈ ಸಲ ಬನದ ಹುಣ್ಣಿಮೆಗೆ ನೀವು ಬನಶಂಕರಿಗೆ ಬರುತ್ತೀರೆಂದು ಗೊತ್ತು, ಪ್ರತಿ ವರ್ಷ ಬರುತ್ತೀರಿ. ಮರುದಿನ ಬೆಳಿಗ್ಗೆ ಬಾದಾಮಿಯಲ್ಲಿ ಇಳಿಯಿರಿ. ಮೂರನೆಯ ಗುಹೆಯವರೆಗೆ ಮೆಟ್ಟಿಲು ಬಹಳ ಇವೆ, ನಾನು ಕೈ ಹಿಡಿದು ಹತ್ತಿಸುತ್ತೇನೆ. ಆ ಹೆಂಗಸರು ಯಾವ ವಾದ್ಯ ಹಿಡಿದಿದ್ದಾರೆ, ಕೈ ಯಾವ ಬೋಲಿನ ಮೇಲಿದೆ ಎಂದು ನೀವೇ ನೋಡಿ ಹೇಳಬೇಕು. ಚಿತ್ರದ ಮಾಸ್ತರನಿಗೆ ಅದು ತಿಳಿಯುವುದಿಲ್ಲ. ಆ ಹುಡುಗಿಯನ್ನೂ ಅವಳ ತಂದೆಯನ್ನೂ ಕರೆದಿದ್ದೇನೆ. ಬರುತ್ತೇವೆ ಎಂದಿದ್ದಾರೆ. ಅವಳ ಹಳೆಯ ವಹಿ ಇನ್ನೂ ಕಪಾಟಿನಿಂದ ಹೊರಗೆ ಬಂದಿಲ್ಲ. ಹೊಸದೊಂದನ್ನು ತಂದು ನನ್ನ ಚೀಲದಲ್ಲಿಟ್ಟುಕೊಂಡಿದ್ದೇನೆ.